ತೆಗ್ದೆ

ಅಜ್ಮಾನಿನ ಕೋರ್ಟಿನ ಹಿಂದುಗಡೆ, ಪರಾಠದಂಗಡಿಗೂ
ಮೊಬೈಲ್ ರಿಪೇರಿಯವನಿಗೂ ನಡುವೆ
ನನ್ನ ಟೈಪಿಂಗ್ ಸೆಂಟರು. ಪುಟಕ್ಕೆ ಇಪ್ಪತ್ತು ದಿರಹಮು.
ವೀಸಾ, ಬಾಡಿಗೆ ಕರಾರು, ಪಾಸ್‌ಪೋರ್ಟು ಕಳೆದ ಬಗ್ಗೆ ಅರ್ಜಿ.
ಭಟ್ಕಳದಲ್ಲಿ ಉಸ್ತಾದರ ಬೆತ್ತ ಕಲಿಸಿದ ಅರಬ್ಬಿ
ಹದಿನಾರು ವರ್ಷ ನನಗೆ ಅನ್ನ ಹಾಕಿದೆ.

ಜುಲೈಯ ಮಧ್ಯಾಹ್ನ, ಗೋಡೆಯೂ ಬೆವರುವ ಹೊತ್ತು,
ಸುಡಾನಿನ ವಕೀಲರು ಬಾಬಿಕರ್ ಬಂದರು.
"ಇದರೊಳಗೆ ನಿಮ್ಮ ಕಡೆಯವನೊಬ್ಬ ಇದ್ದಾನೆ" ಅಂದರು ಫೈಲು ತಟ್ಟಿ,
ಪುಸ್ತಕದ ನಡುವೆ ಒಣಗಿದ ಎಲೆ ಇದ್ದ ಹಾಗೆ.

ಅಣ್ಣಪ್ಪ ಮೊಗವೀರ. ಕೊಡೇರಿ, ಬೈಂದೂರು ಬದಿ.
ಗೋದಾಮಿನ ರಾತ್ರಿ ಪಾಳಿಯ ಕಾವಲು.
ಹೋದದ್ದು ತಾಮ್ರದ ಕೇಬಲ್ಲು, ಹನ್ನೊಂದು ಉರುಳೆ.
ಪುಟ ಏಳು, ತಪ್ಪೊಪ್ಪಿಗೆ, ಒಂದೇ ಸಾಲು:
ನಾನು ತೆಗೆದುಕೊಂಡೆ.
ಬಲದಿಂದ ಎಡಕ್ಕೆ ಹರಿವ ಬರಹದ ಕೆಳಗೆ
ಎಡದಿಂದ ಬಲಕ್ಕೆ ತಡವರಿಸುವ ಕನ್ನಡ ಸಹಿ.
ಎರಡೂ ಮುಖ ನೋಡದೆ ದಾಟಿ ಹೋಗಿವೆ.

ಜೈಲಿಂದ ಫೋನು. ಐದು ನಿಮಿಷ.
"ಲಾರಿಯವ ಹಾರ್ನ್ ಹಾಕ್ದ ಸಾಯ್ಬ್ರೆ, ಚೀಟಿ ತೋರ್ಸ್ದ.
ನಾ ತೆಗ್ದೆ."
ಏನು ತೆಗ್ದೆ?
"ಬಾಗ್ಲ್! ಮತ್ತೆಂತ ತೆಗುದ್?"

ಬೆಳಗಿನ ಜಾವ ಮೂರಕ್ಕೆ ಠಾಣೆಯಲ್ಲಿ
ಕನ್ನಡ ಬಲ್ಲವರು ಸಿಗಲಿಲ್ಲ. ಕ್ಯಾಂಟೀನಿನ ಮಲಯಾಳಿ ಹುಡುಗನನ್ನು
ನಿದ್ದೆಯಿಂದ ಎಬ್ಬಿಸಿ ತಂದರು.
ಅವನು ಕೇಳಿದ, "ಎಡುತ್ತೋ?"
ಇವನು ಅಂದ, "ಹೂಂ, ತೆಗ್ದೆ."
ಆ ಹುಡುಗನ ಮೇಲೆ ನನಗೆ ಸಿಟ್ಟಿಲ್ಲ.

"ಪೊಲೀಸರ ಮೇಲೆ ದೂರು ಕೊಡಬಹುದಲ್ಲ?" ಅಂದೆ.
ಬಾಬಿಕರ್ ಸುಲೈಮಾನಿಗೆ ಮೂರನೇ ಚಮಚ ಸಕ್ಕರೆ ಹಾಕಿದರು.
"ಕೊಡಬಹುದು. ಅದು ಬೇರೆ ಬಾಗಿಲು.
ಅದನ್ನು ಬಡಿಯುತ್ತ ಕೂತರೆ ಇದು ಮುಚ್ಚಿಕೊಳ್ಳುತ್ತದೆ.
ವಿಚಾರಣೆ ನಡೆಯುತ್ತಿರುವಾಗ ತನಿಖೆಯ ತೂತು ತೋರಿಸಬೇಕಾದ್ದು
ವಿಚಾರಿಸುತ್ತಿರುವವರಿಗೇ. ಹೊಡಿ."

ಹೊಡೆದೆ. ಘನ ನ್ಯಾಯಾಲಯದಲ್ಲಿ ಆರೋಪಿಯ ಬಿನ್ನಹ:
ಹೇಳಿಕೆಯನ್ನು ಪ್ರಮಾಣ ಮಾಡಿದ ಅನುವಾದಕರು ಮತ್ತೆ ಕೇಳಲಿ.
ತನಿಖಾಧಿಕಾರಿಯನ್ನು ಕರೆಸಿ ಸವಾಲು ಹಾಕಲು ಬಿಡಲಿ.
ಗೇಟಿನ ರಿಜಿಸ್ಟರು ಯಾಕೆ ಜಪ್ತಿಯಾಗಲಿಲ್ಲ, ಆ ಚೀಟಿ ಎಲ್ಲಿ,
ಲಾರಿ ನಂಬರನ್ನು ಒಬ್ಬರೂ ಯಾಕೆ ಕೇಳಲಿಲ್ಲ.
ಕ್ಯಾಮೆರಾದ ದೃಶ್ಯ ತರಿಸಲಿ.

ಇಲ್ಲಿ ನನ್ನ ಬೆರಳು ನಿಂತಿತು. ಕ್ಯಾಮೆರಾದ ನೆನಪು ಮೂವತ್ತು ದಿನ.
ಅವತ್ತಿಗೆ ನಲವತ್ತನಾಲ್ಕು.
"ಆದರೂ ಬರೆ. ಅಳಿಸಿ ಹೋಯಿತು ಅಂತ ಅವರ ಬಾಯಲ್ಲೇ ಬರಲಿ.
ಕೆಳಗೆ ಕೇಳದವನಿಗೆ ಮೇಲಿನ ಕೋರ್ಟು ಕಿವುಡು."

ಹದಿನಾರು ವರ್ಷದಲ್ಲಿ ಮೊದಲ ಸಲ
ಅರ್ಜಿಯೊಂದಕ್ಕೆ ಅಡಿಟಿಪ್ಪಣಿ ಬರೆದೆ, ಚಿಕ್ಕ ಅಕ್ಷರದಲ್ಲಿ:
ಸ್ವಾಮೀ, ಈ ಭಾಷೆಯಲ್ಲಿ ಬಾಗಿಲು ತೆಗೆಯುತ್ತಾರೆ,
ಫೋಟೋ ತೆಗೆಯುತ್ತಾರೆ, ತಕರಾರು ತೆಗೆಯುತ್ತಾರೆ,
ಮುಳ್ಳನ್ನೂ ಪ್ರಾಣವನ್ನೂ ತೆಗೆಯುತ್ತಾರೆ.
ಏನನ್ನು ಎಂದು ಕೇಳದೆ
ಈ ಕ್ರಿಯಾಪದಕ್ಕೆ ಶಿಕ್ಷೆ ಕೊಡಲಾಗದು.

ನಾಲ್ಕು ಕೇಳಿದ್ದರಲ್ಲಿ ಒಂದು ಸಿಕ್ಕಿತು. ಅನುವಾದಕರು.
ಅಧಿಕಾರಿಯ ವಿಷಯ ಮುಂದಕ್ಕೆ, ರಿಜಿಸ್ಟರಿನ ವಿಷಯ ಪರಿಶೀಲನೆಗೆ,
ಕ್ಯಾಮೆರಾದ ಬಗ್ಗೆ ಆದೇಶದಲ್ಲಿ ಮಾತೇ ಇಲ್ಲ.
ಮುಂದಿನ ತಾರೀಕು ಹದಿನೇಳು.
ಬಾಬಿಕರ್ ಐದು ಪುಟಕ್ಕೆ ನೂರು ಕೊಟ್ಟರು.
ಟಿಪ್ಪಣಿ ಇದ್ದ ಪುಟದ ಇಪ್ಪತ್ತು ವಾಪಸು ಕೊಟ್ಟೆ.
ಯಾಕೆಂದು ಅವರು ಕೇಳಲಿಲ್ಲ, ನಾನೂ.

ರಾತ್ರಿ ಒಂದೂವರೆಗೆ ಪಾಳಿ ಮುಗಿಸಿ ಅಬೂಸಾಲಿ ಬಂದ.
"ತೆಗಿ ಮಾರಾಯ, ಎಷ್ಟು ಹೊತ್ತು?"
ಚಿಲಕದ ಮೇಲೆ ಕೈ ಇಟ್ಟು ನಿಂತೆ.
ಆಮೇಲೆ ತೆಗೆದೆ.
ಬಾಗಿಲನ್ನು, ಅಂತ ಬರೆದಿಡುತ್ತೇನೆ.